ಗೋದಾ ಆತ್ಯಾಳ ದನಿ

ಪುಣೆಯ ಖಡಕಿ ಬಜಾರಿನಲ್ಲಿ ಇಂದೂಬಾಯಿ ಕಲ್ಲೂರ ಎಂದು ಕೇಳಿದರೆ ಯಾರಿಗೂ ಗೊತ್ತಾಗುತ್ತಿರಲಿಲ್ಲ. ಗೋದಾ ಆತ್ಯಾ ಎಂದರೆ ಮಾತ್ರ ತರಕಾರಿಯವರಿಂದ ಹಿಡಿದು ಔಷಧಿ ಅಂಗಡಿಯವರ ತನಕ ಎಲ್ಲರೂ ಮನೆಯ ದಾರಿ ತೋರಿಸುತ್ತಿದ್ದರು. ಮರಾಠಿಯಲ್ಲಿ ಸೋದರತ್ತೆಗೆ ಆತ್ಯಾ ಎನ್ನುತ್ತಾರೆ. ಸಂಜೆಯ ಮರಾಠಿ ಧಾರಾವಾಹಿಯೊಂದರಲ್ಲಿ ಇಂದೂಬಾಯಿ ಗೋದಾ ಎಂಬ ಸೋದರತ್ತೆಯ ಪಾತ್ರ ಮಾಡುತ್ತಿದ್ದರು. ಕಥೆಯ ಆ ಮನೆಯಲ್ಲಿ ಏನಾದರೂ ಕೆಟ್ಟದ್ದು ನಡೆಯುವ ಮೊದಲು ಗೋದಾ ಆತ್ಯಾ ದೇವರ ಕೋಣೆಯಲ್ಲಿ ಕೂತು ಹಾಡುತ್ತಿದ್ದಳು. ಹಾಡು ಶುರುವಾಯಿತೆಂದರೆ ಪುಣೆಯ ಎಷ್ಟೋ ಮನೆಗಳಲ್ಲಿ ಹೆಂಗಸರು ಗ್ಯಾಸು ಸಣ್ಣ ಮಾಡಿ ಹೊರಗೆ ಬಂದು ಟಿವಿ ಮುಂದೆ ಕೂಡುತ್ತಿದ್ದರು.

ಇಂದೂಬಾಯಿ ಹುಟ್ಟಿದ್ದು ಧಾರವಾಡದ ಮಾಳಮಡ್ಡಿಯಲ್ಲಿ. ಅಲ್ಲಿಯೇ ಹಿಂದುಸ್ತಾನಿ ಸಂಗೀತ ಕಲಿತರು. ಖಡಕಿಯ ಶಸ್ತ್ರಾಸ್ತ್ರ ಕಾರ್ಖಾನೆಯಲ್ಲಿ ಕೆಲಸದಲ್ಲಿದ್ದ ಪ್ರಲ್ಹಾದ ಕಲ್ಲೂರ ಅವರನ್ನು ಮದುವೆಯಾಗಿ ಪುಣೆಗೆ ಬಂದರು. ಕನ್ನಡ ಶಾಲೆಯಲ್ಲಿ ಮಕ್ಕಳಿಗೆ ಹಾಡು ಹೇಳಿಕೊಡುವುದು, ಗಣಪತಿ ಹಬ್ಬದಲ್ಲಿ, ಆರಾಧನೆಯಲ್ಲಿ ಹಾಡುವುದು, ಮನೆಯಲ್ಲಿ ಶನಿವಾರ ಸಂಜೆ ನಾಲ್ಕಾರು ಹುಡುಗಿಯರಿಗೆ ಪಾಠ. ಹೀಗೇ ವರ್ಷಗಳು ಹೋದವು. ಎಲ್ಲಿ ಹಾಡಿದರೂ ತಬಲಾಕ್ಕೆ ಮಾರ್ತಾಂಡರಾಯರೇ ಇರುತ್ತಿದ್ದರು. ಬೆಳಗಾವಿಯ ಕಡೆಯವರು, ದಾಪೋಡಿಯಲ್ಲಿ ಮನೆ, ಟೆಲಿಫೋನ್ ಇಲಾಖೆಯಲ್ಲಿದ್ದು ನಿವೃತ್ತರಾದವರು. ಮಾತು ಕಡಿಮೆ. ಇಂದೂಬಾಯಿ ಉಸಿರು ತೆಗೆದುಕೊಳ್ಳುವುದು ಎಲ್ಲಿ, ದಾರಿ ತಪ್ಪಿ ವಾಪಸು ಬರುವುದು ಎಲ್ಲಿ ಎಂಬುದೆಲ್ಲ ಅವರ ಬೆರಳಿಗೆ ಗೊತ್ತಿತ್ತು.

ನಟನೆ ಬಂದದ್ದು ತಡವಾಗಿ, ಅದೂ ಆಕಸ್ಮಿಕವಾಗಿ. ಪುಣೆಯ ಕನ್ನಡಿಗರು ಆಡಿದ ಒಂದು ನಾಟಕದಲ್ಲಿ ಹಾಡುವ ತಾಯಿಯ ಪಾತ್ರಕ್ಕೆ ಯಾರೂ ಸಿಗದೆ ಇವರನ್ನು ನಿಲ್ಲಿಸಿದರು. ಅದನ್ನು ನೋಡಿದ ಮರಾಠಿ ನಿರ್ದೇಶಕರೊಬ್ಬರು ನಟನೆಯ ಪರೀಕ್ಷೆಗೆ ಕರೆಸಿದರು. ಇಂದೂಬಾಯಿಯ ಮರಾಠಿಯಲ್ಲಿ ಧಾರವಾಡದ ಎಳೆತ ಇತ್ತು. ಆಗುವುದಿಲ್ಲ ಎಂದು ಕಳಿಸಿದರು. ಸ್ವಲ್ಪ ದಿನ ಬಿಟ್ಟು ಮತ್ತೆ ಕರೆ ಬಂತು. ಕಥೆ ಬರೆಯುವವರು ಗೋದಾಳನ್ನು ಧಾರವಾಡಕ್ಕೆ ಮದುವೆ ಮಾಡಿ ಕೊಟ್ಟು, ಗಂಡ ಸತ್ತ ಮೇಲೆ ತವರಿಗೆ ತಂದು ಕೂಡಿಸಿದ್ದರು. ಈಗ ಆ ಎಳೆತವೇ ಬೇಕಾಗಿತ್ತು.

ಹಾಡುವವಳೇ ನಟಿ, ನಟಿಯೇ ಹಾಡುವವಳು ಎಂಬುದು ಜನಕ್ಕೆ ಹಿಡಿಸಿತು. ಧಾರಾವಾಹಿಯ ಕೊನೆಯಲ್ಲಿ ಹೆಸರುಗಳು ಓಡುವಾಗ ‘ಅಭಿನಯ ಮತ್ತು ಗಾಯನ: ಇಂದೂ ಕಲ್ಲೂರ’ ಎಂದು ಬರುತ್ತಿತ್ತು. ಪ್ರಲ್ಹಾದರು ಅದನ್ನು ಮೊಬೈಲಿನಲ್ಲಿ ಫೋಟೋ ತೆಗೆದು ಬಂಧುಬಳಗಕ್ಕೆಲ್ಲ ಕಳಿಸಿದರು. ಮಗರಪಟ್ಟಾದ ಮಾಲ್‌ನಲ್ಲಿ ಹೆಂಗಸರು ಸುತ್ತ ನಿಂತು, ‘ಆತ್ಯಾ, ದೋನ ಓಳೀ,’ ಎಂದು ಎರಡು ಸಾಲು ಹಾಡಿಸಿಕೊಳ್ಳುತ್ತಿದ್ದರು.

ಕೆಲಸದ ರೀತಿ ಹೀಗಿತ್ತು. ಹಾಡನ್ನು ಮೊದಲು ಖರಾಡಿಯ ಸ್ಟುಡಿಯೋದಲ್ಲಿ ರೆಕಾರ್ಡ್ ಮಾಡುತ್ತಿದ್ದರು. ಆಮೇಲೆ ವಾಘೋಲಿಯ ಆಚೆ, ಶೆಡ್ಡಿನೊಳಗೆ ಕಟ್ಟಿದ ದೇವರ ಕೋಣೆಯಲ್ಲಿ ಇಂದೂಬಾಯಿ ಕೂಡಬೇಕು, ಸ್ಪೀಕರಿನಿಂದ ಹಾಡು ಬರುತ್ತದೆ, ತಮ್ಮದೇ ದನಿಗೆ ತಾವು ತುಟಿ ಆಡಿಸಬೇಕು. ರೆಕಾರ್ಡಿಂಗಿಗೆ ಮಾರ್ತಾಂಡರಾಯರನ್ನೂ ಕರೆದುಕೊಂಡು ಹೋಗಿದ್ದರು. ಆದರೆ ತಬಲಾ ಕಂಪ್ಯೂಟರಿನಲ್ಲೇ ಹಾಕಿಕೊಳ್ಳುತ್ತೇವೆ ಎಂದು ನಿರ್ಮಾಣದ ಉಸ್ತುವಾರಿ ಮೋಹನದಾಸ್ ಹೇಳಿಬಿಟ್ಟರು. ಮಾರ್ತಾಂಡರಾಯರು ತಬಲಾದ ಚೀಲ ಹೆಗಲಿಗೆ ಹಾಕಿಕೊಂಡು, ಕೊಟ್ಟ ಚಹಾ ಕುಡಿದು, ಬಸ್ಸು ಹತ್ತಿ ಹೋದರು.

ಒಂದು ದೀಪಾವಳಿಯ ಹೊತ್ತಿಗೆ ಇಂದೂಬಾಯಿಗೆ ಜ್ವರ ಬಂದು ಗಂಟಲು ಕಟ್ಟಿತು. ಜ್ವರ ಇಳಿದರೂ ದನಿ ಬರಲಿಲ್ಲ. ಹಾಡು ಮುಂದೂಡಿ ಎಂದು ಕೇಳಿಕೊಂಡರೆ ಮೋಹನದಾಸ್ ನಕ್ಕರು. ‘ಹೇಗೆ ಬರುತ್ತದೋ ಹಾಗೆ ಹಾಡಿ ಹೋಗಿ. ಈಗಿನ ಯಂತ್ರಗಳು ಎಲ್ಲ ಸ್ವಚ್ಛ ಮಾಡುತ್ತವೆ,’ ಎಂದು ಮರಾಠಿಯಲ್ಲಿ ಹೇಳಿದರು. ಇಂದೂಬಾಯಿ ಒಡಕು ದನಿಯಲ್ಲೇ ಹಾಡಿದರು. ಅದೇ ಒಡಕು ದನಿಗೆ ಶೆಡ್ಡಿನಲ್ಲಿ ತುಟಿ ಆಡಿಸಿ ಬಂದರು. ಟಿವಿಯಲ್ಲಿ ಬಂದಾಗ ಹಾಡು ತಿಳಿನೀರಿನಂತಿತ್ತು. ಇಂದೂಬಾಯಿಗೆ ನಂಬಲಿಕ್ಕೇ ಆಗಲಿಲ್ಲ. ಶನಿವಾರದ ಪಾಠದಲ್ಲಿ ಹುಡುಗಿಯರ ಮುಂದೆ ಹೇಳಿಯೂ ಹೇಳಿದರು.

‘ಕೇಳಿದ್ರೇನ ಆ ಮೀಂಡ? ಮಧ್ಯಮದಿಂದ ಹ್ಯಾಂಗ ಜಾರಿ ಬಂದದ ನೋಡ್ರಿ. ಜ್ವರದಾಗ ಹಾಡಿದ್ದು ಅದು.’

ಹುಡುಗಿಯರು ಹೌದು ಹೌದು ಎಂದರು. ಎಲ್ಲರಿಗಿಂತ ಹಳೆಯ ಶಿಷ್ಯೆ ಸಾಯಲಿ ಮಾತ್ರ ತಂಬೂರಿಯ ತಂತಿ ನೋಡುತ್ತ ಕೂತಿದ್ದಳು. ಬೆಳಗಾವಿಯ ಮನೆತನದ ಹುಡುಗಿ, ಮಗರಪಟ್ಟಾದಲ್ಲಿ ಇರುವವಳು, ಅಲ್ಲಿನ ಅಪಾರ್ಟ್‌ಮೆಂಟಿನ ಮಕ್ಕಳಿಗೆ ಸಂಗೀತ ಕಲಿಸುತ್ತಿದ್ದಳು. ಮುಂದಿನ ಶನಿವಾರ ಅವಳು ಬರಲಿಲ್ಲ. ಅದರ ಮುಂದಿನ ಶನಿವಾರವೂ ಬರಲಿಲ್ಲ.

ಸಂಕ್ರಾಂತಿಯ ಅರಿಸಿನ ಕುಂಕುಮಕ್ಕೆ ಹೋದಲ್ಲಿ ಪರಿಚಯದ ಹೆಂಗಸೊಬ್ಬಳು ಎಳ್ಳುಬೆಲ್ಲ ಕೈಗೆ ಹಾಕುತ್ತ ಕೇಳಿದಳು.

‘ಟಿವಿಯಾಗ ಹಾಡೋದು ಖರೇನ ನೀವಽ ಏನ್ರಿ?’

‘ಮತ್ತ ಯಾರು, ನಿಮ್ಮ ಅತ್ತಿಯವರೇನು?’ ಎಂದರು ಇಂದೂಬಾಯಿ. ಎಲ್ಲರೂ ನಕ್ಕರು. ಕೇಳಿದವಳೂ ನಕ್ಕಳು. ಆದರೆ ನಗುವಾಗ ಅವಳು ಪಕ್ಕದವಳ ಮೊಣಕೈಯನ್ನು ಮೆಲ್ಲಗೆ ತಿವಿದದ್ದು ಇಂದೂಬಾಯಿಗೆ ಕಂಡಿತು.

ಅಂದಿನಿಂದ ಇಂಥವೇ ಕಣ್ಣಿಗೆ ಬೀಳತೊಡಗಿದವು. ಶೆಡ್ಡಿನ ಮೇಕಪ್ ಕೋಣೆಗೆ ಕಾಲಿಟ್ಟರೆ ಒಳಗಿನ ಮಾತು ನಿಲ್ಲುತ್ತಿತ್ತು. ಹಾಡಿನ ವೀಡಿಯೊ ಕೆಳಗೆ ಯಾರೋ, ‘ಹೀ ಆವಾಜ ತ್ಯಾಂಚೀ ನಾಹೀ’ ಎಂದು, ಅಂದರೆ ಈ ದನಿ ಅವರದಲ್ಲ ಎಂದು ಬರೆದಿದ್ದರು. ಅದಕ್ಕೆ ನೂರಾರು ಜನ ಹೆಬ್ಬೆರಳು ಎತ್ತಿದ್ದರು. ಮನೆಯಲ್ಲಿ ಪ್ರಲ್ಹಾದರು ಗೋದಾ ಆತ್ಯಾ ಹಾಡಲು ಕೂತ ಕೂಡಲೇ ರಿಮೋಟ್ ತೆಗೆದುಕೊಂಡು ಸುದ್ದಿಯ ಚಾನಲ್ಲಿಗೆ ಹೋಗುತ್ತಿದ್ದರು. ಮೊದಲು ಹಾಗಿರಲಿಲ್ಲ. ಹಾಡು ಬಂದಾಗ ಪಕ್ಕದ ಮನೆಯವರನ್ನೂ ಕೂಗಿ ಕರೆಯುತ್ತಿದ್ದ ಮನುಷ್ಯ ಅವರು.

‘ಯಾಕ ಬದಲಿಸಿದ್ರಿ?’

‘ಅದಽ ಅದಽ ಅಳೂದು ಕರಿಯೂದು. ಸಾಕಾಗೇದ ನನಗ.’

‘ಅಳೂದಲ್ಲ ಅದು, ನನ್ನ ಹಾಡು.’

‘ನಿನ್ನ ಹಾಡು ದಿನಾ ಮನ್ಯಾಗ ಕೇಳತೀನಲ್ಲ,’ ಎಂದು ಪ್ರಲ್ಹಾದರು ದನಿ ಹೆಚ್ಚು ಮಾಡಿ ಸುದ್ದಿ ನೋಡಿದರು.

ರಾಮನವಮಿಗೆ ಖಡಕಿಯ ಗುಡಿಯಲ್ಲಿ ಇಂದೂಬಾಯಿಯ ಕಾರ್ಯಕ್ರಮವಿತ್ತು. ಧಾರಾವಾಹಿಯ ಹಾಡು ಬೇಕು ಎಂದು ಜನ ಕೂಗಿದರು. ಹಾಡಿದರು. ಎರಡು ದಿನಕ್ಕೆ ಒಂದು ವೀಡಿಯೊ ಎಲ್ಲರ ಮೊಬೈಲಿನಲ್ಲೂ ಓಡಾಡಿತು. ಮೇಲೆ ಟಿವಿಯ ಹಾಡು, ಕೆಳಗೆ ಗುಡಿಯ ಹಾಡು. ಒಂದಾದ ಮೇಲೊಂದು ಕೇಳಿಸಿ, ‘ನೀವೇ ಹೇಳಿ, ಇವು ಒಂದೇ ಗಂಟಲಿನವೇ?’ ಎಂದು ಬರೆದಿದ್ದರು. ಗುಡಿಯ ದನಿ ದಪ್ಪಗಿತ್ತು, ವಯಸ್ಸಾದ ದನಿ. ಟಿವಿಯ ದನಿ ತೆಳ್ಳಗೆ, ಹಗುರವಾಗಿತ್ತು. ಇಂದೂಬಾಯಿ ಅದನ್ನು ಮತ್ತೆ ಮತ್ತೆ ಕೇಳಿದರು. ಮೈಕು ಕೆಟ್ಟದಿತ್ತು, ಗುಡಿಯ ಗಾಳಿಗೆ ಹಾಗೆ ಕೇಳುತ್ತದೆ, ಟಿವಿಯವರು ಯಂತ್ರದಲ್ಲಿ ಸಣ್ಣ ಮಾಡಿದ್ದಾರೆ ಎಂದು ತಮಗೆ ತಾವೇ ಹೇಳಿಕೊಂಡರು. ಆಮೇಲೆ ಇನ್ನೊಂದು ಸಂಗತಿ ಹೊಳೆಯಿತು. ಗುಡಿಯ ಹಾಡನ್ನು ಚಿತ್ರೀಕರಿಸಿದ್ದು ಜನರ ಕಡೆಯಿಂದಲ್ಲ. ವೇದಿಕೆಯ ಮೇಲಿನಿಂದ, ಬಲಗಡೆಯಿಂದ, ನೆಲದ ಮಟ್ಟದಿಂದ. ಅಲ್ಲಿ ಕೂತಿದ್ದವರು ಮಾರ್ತಾಂಡರಾಯರು ಒಬ್ಬರೇ. ಪ್ರತಿ ಕಾರ್ಯಕ್ರಮದಲ್ಲೂ ಅವರು ಮೊಬೈಲನ್ನು ತಬಲಾದ ಜೋಡಿಯಾದ ಡಗ್ಗಾದ ಪಕ್ಕ ಒರಗಿಸಿಡುತ್ತಿದ್ದರು.

ಗುರುವಾರ ಅಭ್ಯಾಸಕ್ಕೆಂದು ಮಾರ್ತಾಂಡರಾಯರು ಬಂದಾಗ ಇಂದೂಬಾಯಿ ಹಾರ್ಮೋನಿಯಂ ತೆಗೆಯಲಿಲ್ಲ. ಮೊಬೈಲು ಅವರ ಮುಂದೆ ಹಿಡಿದರು.

‘ಇದನ್ನ ತಗದವರು ನೀವಽ ಅಲ್ಲೇನ್ರಿ?’

‘ತಗದಿದ್ದು ನಾನು. ಗೆಳ್ಯಾರ ಗುಂಪಿಗೆ ಕಳಸಿದ್ದೆ. ಚೊಲೊ ಹಾಡಿದ್ರಿ ಅವತ್ತು, ಅದಕ್ಕ.’

‘ಎರಡೂ ಕೂಡಿಸಿ ಹಾಕಿದವರು?’

‘ಅದು ನಾನಲ್ಲ.’

‘ಹೋಗ್ಲಿ. ನೀವು ಹೇಳ್ರಿ. ಟಿವಿಯಾಗಿನ ದನಿ ನಂದೋ, ಅಲ್ಲೋ?’

ಮಾರ್ತಾಂಡರಾಯರು ಉತ್ತರ ಕೊಡುವ ಮೊದಲು ಬಾಗಿಲ ಬಳಿ ಪೇಪರು ಓದುತ್ತಿದ್ದ ಪ್ರಲ್ಹಾದರ ಕಡೆ ನೋಡಿದರು. ಪ್ರಲ್ಹಾದರು ಪೇಪರಿನಿಂದ ಮುಖ ಎತ್ತಲಿಲ್ಲ.

‘ಅದನ್ನ ನನ್ನ ಕೇಳಬ್ಯಾಡ್ರಿ, ಇಂದೂಬಾಯಿ.’

ಇಂದೂಬಾಯಿಗೆ ಸಿಟ್ಟು ತಲೆಗೇರಿತು. ‘ಯಾಕ ಕೇಳಬಾರದು? ಧಾರಾವಾಹಿಯವರು ನಿಮ್ಮ ತಬಲಾ ಬ್ಯಾಡ ಅಂದ್ರು. ಆ ಸಿಟ್ಟು ನನ್ನ ಮ್ಯಾಲ ತೀರಸ್ಕೋತೀರೇನು? ಇಷ್ಟು ವರ್ಷ ಬಾಜೂಕ್ಕ ಕೂತು ಇದನ್ನಽ ಕಾಯ್ತಿದ್ರೇನು?’

ಮಾರ್ತಾಂಡರಾಯರು ಬಿಚ್ಚಿದ್ದ ಚೀಲದ ಬಾಯಿ ಮತ್ತೆ ಕಟ್ಟಿದರು. ‘ಬರ್ತೀನ್ರಿ,’ ಎಂದು ಇಬ್ಬರಿಗೂ ಕೈ ಮುಗಿದು ಮೆಟ್ಟಿಲಿಳಿದರು. ಅಲ್ಲಿಂದಾಚೆ ಅವರು ಬರಲಿಲ್ಲ. ಇಂದೂಬಾಯಿ ಕರೆಯಲೂ ಇಲ್ಲ.

ಆದರೆ ಆ ಒಂದು ನೋಟ ಮನಸ್ಸಿನಿಂದ ಹೋಗಲಿಲ್ಲ. ತಪ್ಪು ಮಾಡಿ ಸಿಕ್ಕಿಬಿದ್ದವನು ನೋಡುವ ಹಾಗಿರಲಿಲ್ಲ ಅದು. ಹೇಳಲೋ ಬೇಡವೋ ಎಂದು ಅನುಮತಿ ಕೇಳುವ ಹಾಗಿತ್ತು. ಹಾಗಾದರೆ ಗಂಡನಿಗೆ ಏನೋ ಗೊತ್ತು. ಒಂದೇ ಮನೆಯಲ್ಲಿ ಕೂತು ಚಹಾ ಕುಡಿಯುವಾಗ, ಊಟಕ್ಕೆ ಬಡಿಸುವಾಗ ಇಂದೂಬಾಯಿ ಪ್ರಲ್ಹಾದರ ಮುಖದಲ್ಲಿ ಸುಳಿವು ಹುಡುಕತೊಡಗಿದರು. ಅವರಿಗೆ ಫೋನ್ ಬಂದರೆ ಅಡಿಗೆಮನೆಯಲ್ಲಿ ನಲ್ಲಿ ನಿಲ್ಲಿಸಿ ಕಿವಿಗೊಡುತ್ತಿದ್ದರು. ಹೀಗೆ ಕದ್ದು ಕೇಳುವುದು ಧಾರಾವಾಹಿಯಲ್ಲಿ ಗೋದಾ ಆತ್ಯಾ ಮಾಡುವ ಕೆಲಸ, ತನ್ನದಲ್ಲ ಎಂದು ಒಮ್ಮೆ ನಾಚಿಕೆಯೂ ಆಯಿತು. ಆದರೂ ಬಿಡಲಾಗಲಿಲ್ಲ.

ಕೊನೆಗೆ ಒಂದು ಬೆಳಿಗ್ಗೆ, ಶೂಟಿಂಗ್ ಇಲ್ಲದ ದಿನ, ಯಾರಿಗೂ ಹೇಳದೆ ಖರಾಡಿಯ ಸ್ಟುಡಿಯೋಕ್ಕೆ ಹೋದರು. ಅಲ್ಲಿ ಧ್ವನಿಯ ಕೆಲಸ ನೋಡಿಕೊಳ್ಳುತ್ತಿದ್ದವನು ಅಭಿಲಾಷ, ಹಾಸನದ ಕಡೆಯವನು. ಕನ್ನಡದಲ್ಲಿ ಮಾತಾಡಲು ಸಿಗುತ್ತಾರೆಂದು ಇಂದೂಬಾಯಿ ಬಂದರೆ ಯಾವಾಗಲೂ ಖುಷಿಯಾಗುತ್ತಿದ್ದ. ಅಂದು ಅವರನ್ನು ಕಂಡ ಕೂಡಲೇ ಕಂಪ್ಯೂಟರಿನ ಪರದೆಯ ಮೇಲಿದ್ದುದನ್ನು ಮುಚ್ಚಿದ.

‘ಮೇಡಂ, ಇವತ್ತು ನಿಮ್ಮ ರೆಕಾರ್ಡಿಂಗ್ ಇಲ್ವಲ್ಲ?’

‘ಇಲ್ಲಪಾ. ದೀಪಾವಳಿಯಾಗ ಹಾಡಿದ್ನಲ್ಲ, ಜ್ವರ ಬಂದಾಗ. ಅದನ್ನ ವಾದ್ಯ ಇಲ್ಲದ ಬರೇ ದನಿ ಕೇಳಬೇಕಾಗೇದ.’

‘ಅದು ಮಿಕ್ಸ್ ಆಗೋಗಿದೆ ಮೇಡಂ. ವಾಯ್ಸ್ ಸಪರೇಟಾಗಿ ಸಿಗಲ್ಲ.’

‘ಹೋದ ಸಲ ಬಂದಾಗ ಬ್ಯಾರೇದವರದು ಬಿಡಿಸಿ ಕೇಳಿಸಿದ್ದಿ. ಈಗ ಯಾಕ ಸಿಗೂದಿಲ್ಲ?’

ಅಭಿಲಾಷ ನೀರಿನ ಬಾಟಲಿ ಎತ್ತಿ ಕುಡಿದ. ಎಸಿ ಜಾಸ್ತಿಯಾಯಿತೇ ಎಂದು ಕೇಳಿದ. ಇಂದೂಬಾಯಿ ಗೋಡೆಯ ಪಕ್ಕದ ಕುರ್ಚಿಯಲ್ಲಿ ಚೀಲ ತೊಡೆಯ ಮೇಲಿಟ್ಟುಕೊಂಡು ಕೂತರು.

‘ನಾ ಜಗಳಕ್ಕ ಬಂದಿಲ್ಲಪಾ. ಊರೆಲ್ಲ ನನ್ನ ದನಿ ನಂದಲ್ಲ ಅಂತದ. ನನಗ ಒಮ್ಮೆ ಕೇಳಸು. ಕೇಳಿ ಎದ್ದು ಹೋಗ್ತೀನಿ.’

ಅವನು ಎದ್ದು ಬಾಗಿಲು ಮುಚ್ಚಿ ಬಂದ. ‘ನನ್ನ ಹೆಸರು ಹೇಳ್ಬೇಡಿ ಮೇಡಂ,’ ಎಂದು ಹಾಕಿದ.

ಹಾಡು ಶುರುವಾಗುವ ಮೊದಲು ಸ್ವಲ್ಪ ಮೌನ. ಒಂದು ಸಣ್ಣ ಕೆಮ್ಮು. ಆಮೇಲೆ ಯಾರೋ ಬಾಯಿ ಮುಚ್ಚಿಕೊಂಡೇ ಕೆಳಗಿನ ಪಂಚಮವನ್ನು ಮುಟ್ಟಿ ಅಲ್ಲಿಂದ ಷಡ್ಜಕ್ಕೆ ಬಂದು ನಿಂತರು. ಇಂದೂಬಾಯಿಗೆ ಮುಂದೆ ಕೇಳುವುದೇ ಬೇಕಾಗಿರಲಿಲ್ಲ. ಷಡ್ಜಕ್ಕೆ ನೇರ ಬಾ, ಕೆಳಗಿನಿಂದ ಹತ್ತಿ ಬರಬೇಡ ಎಂದು ತಮ್ಮ ಮನೆಯಲ್ಲಿ ಎಷ್ಟು ವರ್ಷ ಬೈದಿದ್ದರು! ಬೈದರೂ ಹೋಗದ ಅಭ್ಯಾಸ ಅದು. ಸಾಯಲಿಯದು.

‘ಎಷ್ಟು ಹಾಡು?’ ಎಂದರು.

‘ಮೊದಲು ಅದೊಂದೇ ಅಂದಿದ್ರು. ನಿಮ್ಮ ತುಟಿ ನೋಡ್ಕೊಂಡು ಅವರು ಹಾಡಿದ್ರು. ಚೆನ್ನಾಗಿ ಕೂತ್ಕೊಂಡ್ತು. ಆಮೇಲೆ ಟೈಮ್ ಇಲ್ದಾಗ, ನಿಮ್ಮ ಟೇಕ್ ಸ್ವಲ್ಪ ಭಾರ ಅನ್ನಿಸ್ದಾಗ, ಅವರನ್ನ ಕರೆಸ್ತಿದ್ರು. ಕೆಲವು ನಿಮ್ದು, ಕೆಲವು ಅವರ್ದು.’

‘ಯಾವುವು ನನ್ನವು?’

ಅಭಿಲಾಷ ಒಂದೊಂದೇ ಹಾಕಿದ, ಈ ಸಲ ಹಾಡಿನ ನಡುವಿನಿಂದ. ಇಂದೂಬಾಯಿ ಕಣ್ಣು ಮುಚ್ಚಿ ಕೇಳಿದರು. ಒಂದಕ್ಕೆ, ಇದು ನಂದು ಎಂದರು. ಅವನು ಅಲ್ಲ ಎಂದು ತಲೆ ಅಲ್ಲಾಡಿಸಿದ. ಇನ್ನೊಂದು ಬಂತು. ಮೇಲಿನ ಸ್ವರ ಅಷ್ಟು ಸಲೀಸಾಗಿತ್ತು, ಇದು ಸಾಯಲಿಯದು ಎಂದರು. ‘ಇಲ್ಲ ಮೇಡಂ, ಇದು ನಿಮ್ದೇ,’ ಎಂದ. ಆಮೇಲೆ ಇಂದೂಬಾಯಿ ಕೇಳಲಿಲ್ಲ. ಊರಿನವರ ಮೇಲಿದ್ದ ಸಂಶಯ ಅಷ್ಟೂ ಬಂದು ತಮ್ಮ ಕಿವಿಯ ಮೇಲೆ ಕೂತಂತಾಯಿತು. ಚೀಲ ಹಿಡಿದು ಎದ್ದರು. ಅಭಿಲಾಷ ಬಾಗಿಲವರೆಗೆ ಬಂದ. ‘ಸಾರಿ ಮೇಡಂ,’ ಎಂದ. ಅವರು ಅವನ ತೋಳು ತಟ್ಟಿ ಹೊರಗೆ ನಡೆದರು.

ರಸ್ತೆಯಲ್ಲಿ ಐಟಿ ಕಂಪನಿಗಳ ಬಸ್ಸುಗಳು ಸಾಲಾಗಿ ನಿಂತಿದ್ದವು. ರಿಕ್ಷಾದವನು ಹಿಂದಿರುಗಿ ನೋಡಿ, ಗೋದಾ ಆತ್ಯಾ ಅಲ್ಲವೇ ಎಂದು ಮರಾಠಿಯಲ್ಲಿ ಕೇಳಿದ. ಅಲ್ಲ ಎಂದರು ಇಂದೂಬಾಯಿ. ಮಗರಪಟ್ಟಾಕ್ಕೆ ಬಿಡು ಎಂದರು.

ದಾರಿಯುದ್ದಕ್ಕೂ ಅವರ ಮನಸ್ಸಿನಲ್ಲಿ ಸಾಯಲಿಗೆ ಹೇಳಬೇಕಾದ ಮಾತುಗಳೇ ಹೊಂದಿಕೊಳ್ಳುತ್ತಿದ್ದವು. ನನ್ನ ಮನೆಯಲ್ಲಿ ಕೂತು ಕಲಿತು ನನ್ನ ಗಂಟಲಿಗೇ ಕೈ ಹಾಕಿದೆಯಾ ಎನ್ನಬೇಕು. ಬಾಗಿಲು ತೆರೆದವಳು ಸಾಯಲಿಯೇ.

‘ಬರ್ರಿ ಅಕ್ಕೋರ,’ ಎಂದಳು.

ಇಂದೂಬಾಯಿ ಒಳಗೆ ಬಂದರೂ ಕೂಡಲಿಲ್ಲ. ‘ಸ್ಟುಡಿಯೋದಿಂದ ಬಂದೀನಿ. ಕೇಳಿ ಬಂದೀನಿ.’

‘ಈಗ ಕೇಳಿದ್ರೇನು?’ ಎಂದಳು ಸಾಯಲಿ. ಅವಳ ದನಿಯಲ್ಲಿ ಅಂಜಿಕೆ ಇರಲಿಲ್ಲ, ಸಿಟ್ಟಿತ್ತು. ಅದು ಇಂದೂಬಾಯಿಗೆ ಅರ್ಥವಾಗಲಿಲ್ಲ.

‘ಈಗಂದ್ರ?’

‘ಅಕ್ಕೋರ, ಮೋಹನದಾಸ್ ನನಗ ಫೋನ್ ಮಾಡಿದಾಗ ಹೇಳಿದ್ದು ಏನು ಗೊತ್ತೇನು? ನಿಮಗ ಜ್ವರ ಬಂದದ, ನೀವಽ ನನ್ನ ಹೆಸರು ಹೇಳೀರಿ, ಯಾರ ಮುಂದೂ ಇದರ ಮಾತು ಆಡಬಾರದು, ನಿಮ್ಮ ಮುಂದೂ ಆಡಬಾರದು, ನಿಮಗ ಸಂಕಟ ಆಗ್ತದ, ಅಂತ. ನೀವು ಕಳಸೀರಿ ಅಂತ ನಾ ಹೋಗಿ ಹಾಡಿದೆ. ನಿಮ್ಮ ಹಂಗಽ ಹಾಡಿದೆ. ನಿಮ್ಮ ಉಸಿರು ಎಲ್ಲಿ ನಿಲ್ತದ ಅಲ್ಲೇ ನಿಲ್ಲಿಸಿದೆ.’

‘ನಾ ಯಾರ ಹೆಸರೂ ಹೇಳಿಲ್ಲ ಸಾಯಲಿ. ನನಗ ಗೊತ್ತಽ ಇದ್ದಿಲ್ಲ.’

‘ಹಂಗಾದ್ರ ಆ ಶನಿವಾರ? ಎಲ್ಲಾರ ಮುಂದ, ನನ್ನ ಮೀಂಡ ಹ್ಯಾಂಗ ಬಂತು ನೋಡ್ರಿ ಅಂದ್ರಿ. ನಾ ಎದುರಿಗೇ ಕೂತಿದ್ದೆ. ಒಮ್ಮೆ ನನ್ನ ಕಡೆ ನೋಡ್ತೀರಿ, ಕಣ್ಣಿಲಾದ್ರೂ ಚೊಲೊ ಹಾಡಿದಿ ಅಂತೀರಿ ಅಂತ ಕಾಯ್ದೆ. ನನ್ನದನ್ನ ನಿಮ್ಮದು ಅಂದು ನನ್ನ ಮುಂದಽ ಕೇಳ್ರಿ ಅಂದ್ರಿ. ಆಮ್ಯಾಲನೂ ಅವರು ಕರದಾಗ ನಿಮ್ಮ ಮಾತಿಗೇ ಅಂತ ಹೋಗಿ ಹಾಡಿದೆ, ಆದ್ರ ನನಗ ಆ ಮನಿಗೆ ಬರಬೇಕು ಅನಸಲಿಲ್ಲ.’

ಇಂದೂಬಾಯಿ ಅಲ್ಲೇ ಇದ್ದ ದಿವಾನದ ಮೇಲೆ ಕೂತರು. ದಾರಿಯಲ್ಲಿ ಹೊಂದಿಸಿಕೊಂಡು ಬಂದ ಮಾತು ಒಂದೂ ಉಳಿದಿರಲಿಲ್ಲ. ಆ ಶನಿವಾರ ತಾನು ಹೇಳಿದ್ದನ್ನು ಈ ಹುಡುಗಿಯ ಕಡೆಯಿಂದ ಕೇಳಿಸಿಕೊಂಡರೆ ಹೇಗಿರುತ್ತದೆ ಎಂದು ಅವರಿಗೆ ಈಗ ತಿಳಿಯಿತು.

‘ಜ್ವರದಾಗಿಂದು ಅಂತ ನಂಬಿದ್ದೆ,’ ಎಂದರು. ‘ಯಂತ್ರ ಮಾಡೇದ ಅಂತ ನಂಬಿದ್ದೆ. ಅದು ಚೊಲೊ ಇತ್ತು ಸಾಯಲಿ. ನಾನಽ ಹಾಡಿದ್ರ ಅಷ್ಟು ಚೊಲೊ ಆಗ್ತಿದ್ದಿಲ್ಲ.’

ಸಾಯಲಿ ಅಡಿಗೆಮನೆಗೆ ಹೋದಳು. ಪಾತ್ರೆಯ ಸಪ್ಪಳ ಕೇಳಿತು, ಬಹಳ ಹೊತ್ತು ಹೊರಗೆ ಬರಲಿಲ್ಲ. ಬಂದಾಗ ಕಣ್ಣು ಕೆಂಪಗಿತ್ತು, ಕೈಯಲ್ಲಿ ಚಹಾ ಇತ್ತು. ಇಬ್ಬರೂ ಕುಡಿದರು. ಇಂದೂಬಾಯಿಗೆ ಇನ್ನೂ ಒಂದು ಅನುಮಾನ ಉಳಿದಿತ್ತು, ಅದನ್ನೂ ಕೇಳಿದರು.

‘ಮಾರ್ತಾಂಡರಾಯರಿಗೆ ಹೇಳಿದವಳು ನೀನೇನು?’

‘ಇಲ್ರೀ. ಮೊದಲನೇ ಸಲ ಟಿವಿಯಾಗ ಬಂದ ಕೂಡ್ಲೇ ಅವರ ಫೋನ್ ಬಂತು. ಸಾಯಲಿ, ಇದು ನೀನಽ ಹಾಡಿದ್ದು ಅಲ್ಲೇನು ಅಂದ್ರು. ಅವರಿಗೆ ಯಾರು ಹೇಳಬೇಕ್ರಿ?’

ಮನೆಗೆ ಬಂದಾಗ ಪ್ರಲ್ಹಾದರು ಅವರೆಕಾಯಿ ಬಿಡಿಸುತ್ತ ಕೂತಿದ್ದರು. ಹೆಂಡತಿಯ ಮುಖ ನೋಡಿದ ಕೂಡಲೇ ಅವರ ಕೈ ನಿಂತಿತು. ಇಂದೂಬಾಯಿ ಚಪ್ಪಲಿ ಬಿಡುವ ಮೊದಲೇ ಕೇಳಿದರು.

‘ನಿಮಗ ಯಾವಾಗಿಂದ ಗೊತ್ತಿತ್ತು?’

ಪ್ರಲ್ಹಾದರು ಸುಳ್ಳು ಹೇಳಲಿಲ್ಲ. ದೀಪಾವಳಿಯ ಹಾಡು ಬಂದ ಮರುದಿನ ಮಾರ್ತಾಂಡರಾಯರು ಬಜಾರಿನಲ್ಲಿ ಸಿಕ್ಕು ಹೇಳಿದ್ದರು. ಇಂದೂಬಾಯಿಗೆ ತಿಳಿಸಬೇಕು ಎಂದಿದ್ದರು. ಬೇಡ ಎಂದು ಕೈಮುಗಿದು ಕೇಳಿಕೊಂಡವರು ಪ್ರಲ್ಹಾದರೇ.

‘ಅಷ್ಟು ಖುಷಿಯಾಗಿದ್ದಿ ನೀನು. ಜ್ವರದಾಗ ಹಾಡೀನಿ ಅಂತ ಎಲ್ಲಾರಿಗೂ ಹೇಳ್ಕೋತ ಇದ್ದಿ. ಹ್ಯಾಂಗ ಹೇಳಲಿ?’

‘ನಾ ಎಲ್ಲಾರ ಮುಂದ ಸುಳ್ಳಿ ಆಗೂದು ನೋಡ್ತ ಕೂಡೂದು ಆಯ್ತು, ಹೇಳೂದು ಆಗಲಿಲ್ಲ. ಆ ಮನಷ್ಯಾಗ ನಾ ಬಾಯಿಗೆ ಬಂದಂಗ ಅಂದೆ. ನೀವು ಪೇಪರ್ ಓದ್ಕೋತ ಕೂತಿದ್ರಿ.’

ಪ್ರಲ್ಹಾದರು ಅವರೆಕಾಯಿಯ ಬುಟ್ಟಿ ಎತ್ತಿಕೊಂಡು ಒಳಗೆ ಹೋದರು. ಆ ವಾರವೆಲ್ಲ ಇಂದೂಬಾಯಿ ಅವರೊಂದಿಗೆ ಬೇಕಾದಷ್ಟೇ ಮಾತಾಡಿದರು. ಅದರ ಮುಂದಿನ ವಾರವೂ ಅಷ್ಟೇ.

ಮೋಹನದಾಸ್ ಅವರಲ್ಲಿ ಇಂದೂಬಾಯಿ ಕೇಳಿದ್ದು ಒಂದೇ ಮಾತು. ಗಾಯನದ ಮುಂದೆ ಸಾಯಲಿಯ ಹೆಸರೂ ಹಾಕಬೇಕು. ಅವರು ಇಷ್ಟು ದಿನವೂ ತಾವು ಏನನ್ನೂ ಮುಚ್ಚಿಟ್ಟಿರಲಿಲ್ಲ ಎಂಬಂತೆ ಮಾತಾಡಿದರು. ಜನಕ್ಕೆ ಒಬ್ಬಳೇ ಗೋದಾ ಆತ್ಯಾ ಸಾಕು, ಈಗ ಹೆಸರು ಹಾಕಿದರೆ ಆ ವೀಡಿಯೊ ಮಾಡಿದವರ ಮಾತು ನಿಜವಾಗುತ್ತದೆ ಎಂದರು.

‘ನಿಜವೇ ಅಲ್ಲವೇ?’ ಎಂದು ಇಂದೂಬಾಯಿ ಮರಾಠಿಯಲ್ಲೇ ಕೇಳಿದರು. ‘ಹಾಗಾದರೆ ಇನ್ನು ಮೇಲೆ ನಾನು ಹಾಡಿಗೆ ತುಟಿ ಆಡಿಸುವುದಿಲ್ಲ. ನನ್ನ ದನಿಗೂ ಇಲ್ಲ, ಅವಳ ದನಿಗೂ ಇಲ್ಲ.’

ಕಥೆ ಬರೆಯುವವರು ತಲೆ ಓಡಿಸಿದರು. ಗೋದಾ ಆತ್ಯಾ ಮನೆತನದ ಒಳಿತಿಗೆಂದು ಮೌನವ್ರತ ಹಿಡಿದಳು. ಕೆಲವು ತಿಂಗಳು ಇಂದೂಬಾಯಿ ದೇವರ ಕೋಣೆಯಲ್ಲಿ ಸುಮ್ಮನೆ ಕೂತು, ಬಾಗಿಲ ಸಂದಿಯಿಂದ ಸೊಸೆಯರನ್ನು ನೋಡಿ, ಕಣ್ಣಿನಲ್ಲೇ ಅಭಿನಯಿಸಿದರು. ಆ ಕಣ್ಣುಗಳಿಗೆ ಜನ ಹೆದರಿದರು, ಮೆಚ್ಚಿದರು. ಆಮೇಲೆ ಗೋದಾ ಆತ್ಯಾಳನ್ನು ಕಾಶಿಗೆ ಕಳಿಸಿ ಪಾತ್ರ ಮುಗಿಸಿದರು. ಊರಿನ ಸಂಶಯಕ್ಕೆ ಯಾರೂ ಉತ್ತರ ಕೊಡಲಿಲ್ಲ. ಇಂದೂಬಾಯಿಯನ್ನು ಕೇಳಿದವರಿಗೆ ಮಾತ್ರ, ‘ಕೆಲವು ನನ್ನವು, ಕೆಲವು ನನ್ನ ಶಿಷ್ಯೆಯವು. ಯಾವು ಯಾರವು ಅಂತ ನನಗೂ ಎಲ್ಲಾ ಗೊತ್ತಾಗೂದಿಲ್ಲ,’ ಎಂದು ಹೇಳುತ್ತಿದ್ದರು. ಕೇಳಿದವರಲ್ಲಿ ಅರ್ಧ ಜನ ಇದನ್ನೂ ನಂಬಲಿಲ್ಲ. ಏನೋ ಮುಚ್ಚಿಡುತ್ತಿದ್ದಾಳೆ ಎಂದುಕೊಂಡು ಹೋದರು.

ದಾಪೋಡಿಗೆ ಹೋಗಲು ಅವರಿಗೆ ಬಹಳ ದಿನ ಧೈರ್ಯವಾಗಲಿಲ್ಲ. ಹೋದ ದಿನ ಮಾರ್ತಾಂಡರಾಯರು ಬಾಲ್ಕನಿಯ ಗಿಡಗಳಿಗೆ ನೀರು ಹಾಕುತ್ತಿದ್ದರು. ತಪ್ಪಾಯಿತು ಎಂದು ಇಂದೂಬಾಯಿ ನೇರವಾಗಿ ಹೇಳಿದರು.

‘ಆಗ್ಲಿ ಬಿಡ್ರಿ,’ ಎಂದರು ಮಾರ್ತಾಂಡರಾಯರು. ‘ನೀವು ಅಂದಿದ್ದು ಪೂರಾ ಸುಳ್ಳೂ ಅಲ್ಲ. ಅವರು ತಬಲಾ ಬ್ಯಾಡ ಅಂದಾಗ ಸಿಟ್ಟು ಬಂದಿತ್ತು. ನೀವು ಒಂದು ಮಾತು ಆಡ್ತೀರಿ ಅಂದ್ಕೊಂಡಿದ್ದೆ. ಆಡಲಿಲ್ಲ.’

ಇಂದೂಬಾಯಿ ಬಾಲ್ಕನಿಯ ಕಂಬಿ ಹಿಡಿದುಕೊಂಡು ನಿಂತರು. ಆ ದಿನ ಸ್ಟುಡಿಯೋದಲ್ಲಿ ತಾವು ಏನು ಮಾಡುತ್ತಿದ್ದೆವು ಎಂದು ನೆನಪು ಮಾಡಿಕೊಂಡರು. ಹೊಸ ಮೈಕಿನ ಮುಂದೆ ನಿಲ್ಲುವ ಸಂಭ್ರಮದಲ್ಲಿದ್ದರು. ಮಾರ್ತಾಂಡರಾಯರು ಚೀಲ ಎತ್ತಿಕೊಂಡದ್ದನ್ನು ನೋಡಿಯೂ ಇರಲಿಲ್ಲ. ಮತ್ತೆ ಬಾರಿಸಲು ಬರುತ್ತೀರಾ ಎಂದು ಕೇಳಿದರು. ನೋಡೋಣ ಎಂದರು ಮಾರ್ತಾಂಡರಾಯರು. ಶ್ರಾವಣದ ಒಂದು ಕಾರ್ಯಕ್ರಮಕ್ಕೆ ಬಂದರು, ಗಣಪತಿ ಹಬ್ಬಕ್ಕೆ ಬರಲಿಲ್ಲ. ಈಗಲೂ ಹಾಗೆಯೇ. ಒಮ್ಮೆ ಬರುತ್ತಾರೆ, ಒಮ್ಮೆ ಇಲ್ಲ. ಬಂದಾಗ ಮೊದಲಿನಂತೆಯೇ ಬಾರಿಸುತ್ತಾರೆ.

ಇಂದೂಬಾಯಿಗೆ ಈಗ ಸಿನಿಮಾಗಳಲ್ಲಿ ಸಣ್ಣ ಪಾತ್ರಗಳು ಬರುತ್ತವೆ. ನ್ಯಾಯಾಧೀಶೆ, ಆಸ್ಪತ್ರೆಯ ದಾದಿ, ಬಾಡಿಗೆಗೆ ಮನೆ ಕೊಡುವವಳು. ಹಾಡುವ ಪಾತ್ರವಿದ್ದರೆ ಹಾಡನ್ನು ಕ್ಯಾಮೆರಾ ಮುಂದೆಯೇ, ಅಲ್ಲಿಯೇ ಹಾಡುತ್ತೇನೆ, ಕೆಟ್ಟರೆ ಕೆಟ್ಟಂತೆಯೇ ಇಡಿ ಎನ್ನುತ್ತಾರೆ. ಒಪ್ಪುವವರು ಕಡಿಮೆ. ಶನಿವಾರದ ಪಾಠಕ್ಕೆ ಸಾಯಲಿ ಮತ್ತೆ ಬರುತ್ತಾಳೆ. ಮೊದಮೊದಲು ಇಬ್ಬರೂ ಹಾಡುವಾಗ ಒಬ್ಬರನ್ನೊಬ್ಬರು ಕದ್ದು ನೋಡುತ್ತಿದ್ದರು. ಈಗ ಅಷ್ಟಿಲ್ಲ.

ಇತ್ತೀಚೆಗೆ ಅವಳಿಗೆ ಒಂದು ಸಿನಿಮಾದಿಂದ ಕರೆ ಬಂತು. ಹೆಸರಾದ ನಟಿಯೊಬ್ಬಳಿಗೆ ದನಿ ಕೊಡಬೇಕು, ಆ ನಟಿಗೂ ಸಂಗೀತ ಬರುತ್ತದಂತೆ. ಸಾಯಲಿ ಬಂದು ಒಪ್ಪಿಕೊಳ್ಳಲೇ ಎಂದು ಕೇಳಿದಳು.

‘ಆಕಿಗೆ ಗೊತ್ತದೇನು?’

‘ಗೊತ್ತದ ಅಂತ ಮ್ಯಾನೇಜರ್ ಅಂದ್ರು.’

‘ಮ್ಯಾನೇಜರ್ ಅಂದದ್ದು ಬಿಡು. ನೀನಽ ಆಕಿನ್ನ ಕೇಳು.’

ಸಾಯಲಿ ಕೇಳಿದಳು. ನಟಿ ನಕ್ಕು, ನನ್ನಿಂದ ಆ ಎತ್ತರಕ್ಕೆ ಹೋಗಲು ಆಗುವುದಿಲ್ಲ, ನೀನೇ ಹಾಡು ಎಂದಳಂತೆ. ರೆಕಾರ್ಡಿಂಗಿನ ದಿನ ತಾನೇ ಬಂದು ಗಾಜಿನ ಆಚೆ ಕೂತಳಂತೆ. ಮರುದಿನ ಸಾಯಲಿ ಇದನ್ನೆಲ್ಲ ಸಂಭ್ರಮದಿಂದ ಹೇಳಿದಾಗ ಇಂದೂಬಾಯಿ ಹುಣಸೆಹಣ್ಣಿನ ಬೀಜ ತೆಗೆಯುತ್ತ ಕೇಳಿಸಿಕೊಂಡರು.

‘ಖರೇನ ಬಂದಿದ್ಲೇನು,’ ಎಂದರು ಕೊನೆಗೆ, ‘ಅಥವಾ ಬಂದಾಳ ಅಂತ ಯಾರರೆ ಬಂದು ಹೇಳಿದ್ರೋ?’

‘ನಾನಽ ಕಣ್ಣಾರೆ ನೋಡೀನ್ರಿ ಅಕ್ಕೋರ. ಹಾಡು ಮುಗದ ಮ್ಯಾಲ ಒಳಗ ಬಂದು ನನ್ನ ಕೈ ಹಿಡದ್ಲು.’

‘ಹಂಗಾದ್ರ ಆತು,’ ಎಂದು ಇಂದೂಬಾಯಿ ಕೈ ತೊಳೆದುಕೊಂಡು ಹಾರ್ಮೋನಿಯಂ ಹತ್ತಿರ ಎಳೆದುಕೊಂಡರು.